ಹಿಂದೆ ಕೂತವರ ಕೈ

ಆ ಮನೆಯಲ್ಲಿ ಇದ್ದದ್ದು ಒಂದೇ ಕಟ್ಟಳೆ. ಹಬೀಬಾ ಒಂದು ಚಿತ್ರ ತಂದು ನಿಮ್ಮ ಕೈಯಲ್ಲಿಟ್ಟರೆ ಅದರಲ್ಲಿರುವುದನ್ನು ಆಗಲೇ ಕೊಡಬೇಕು. ಇರು ಎನ್ನುವಂತಿಲ್ಲ, ಆಮೇಲೆ ಎನ್ನುವಂತಿಲ್ಲ, ಒಲೆಯ ಮೇಲೆ ಹಾಲು ಉಕ್ಕುತ್ತಿದ್ದರೂ ಸರಿಯೇ. ಒಂದು ಸಲ ಕೊಡದೆ ಹೋದರೆ ಹತ್ತು ಸಲ ಕೊಟ್ಟದ್ದೂ ಹೊಳೆಯಲ್ಲಿ ಹುಣಸೆಹಣ್ಣು ಕಿವುಚಿದ ಹಾಗೆ ಎಂದು ಚಾಮರಾಜನಗರದ ಕಾವ್ಯಶ್ರೀ ಮೇಡಂ ಹೇಳಿದ್ದರು.

ಉಮ್ಮೆ ಹಬೀಬಾಗೆ ಐದು ತುಂಬಿತ್ತು. ಕಿವಿ ಚೆನ್ನಾಗಿ ಕೇಳುತ್ತಿತ್ತು. ಬಾಯಿಂದ ಮಾತ್ರ ಒಂದು ಮಾತೂ ಹೊರಡುತ್ತಿರಲಿಲ್ಲ. ಮೂರು ವರ್ಷವಾದರೂ ‘ಅಮ್ಮಿ’ ಎನ್ನದೆ, ಕರೆದರೆ ತಿರುಗಿ ನೋಡದೆ, ಬೇಕಾದದ್ದು ಸಿಗದಾಗ ಗೋಡೆಗೆ ಹಣೆ ಚಚ್ಚಿಕೊಳ್ಳುತ್ತಿದ್ದ ಮಗುವನ್ನು ತಾಯಿ ತಹಸೀನ್ ಎತ್ತಿಕೊಂಡು ಗುಂಡ್ಲುಪೇಟೆಯಿಂದ ಬಸ್ಸು ಹತ್ತಿ ತನ್ನ ತವರೂರು ಚಾಮರಾಜನಗರದ ದೊಡ್ಡಾಸ್ಪತ್ರೆಗೆ ಹೋಗಿದ್ದಳು. ಅಲ್ಲಿ ಮಕ್ಕಳಿಗೆ ಮಾತು ಕಲಿಸುವ ಕೋಣೆಯಲ್ಲಿ ಕಾವ್ಯಶ್ರೀ ಕೂತಿದ್ದಳು. ತಹಸೀನಳಿಗಿಂತ ಐದಾರು ವರ್ಷಕ್ಕೆ ಚಿಕ್ಕವಳು.

“ಮಾತು ಅಂದ್ರೆ ಬಾಯಲ್ಲ, ತಹಸೀನ್. ಒಬ್ಬರ ಹತ್ತಿರ ನಡ್ಕೊಂಡು ಹೋಗಿ, ನನಗಿದು ಬೇಕು ಅಂತ ತಿಳಿಸೋದು. ಅದು ಮೊದಲು ಬರಲಿ. ಬಾಯಿ ಆಮೇಲೆ ಬಂದ್ರೆ ಬರುತ್ತೆ,” ಎಂದಿದ್ದಳು.

ಆ ಪಾಠಕ್ಕೆ ಇಬ್ಬರು ಬೇಕು. ಒಬ್ಬರು ಮಗುವಿನ ಮುಂದೆ, ಒಬ್ಬರು ಹಿಂದೆ. ಮುಂದೆ ಕೂತವರ ಕೈಯಲ್ಲಿ ಬಿಸ್ಕೆಟ್ಟು. ಮಗು ಅದಕ್ಕೆ ಕೈಚಾಚಿದ ಕೂಡಲೇ ಹಿಂದೆ ಕೂತವರು ಅದರ ಮಣಿಕಟ್ಟು ಹಿಡಿದು, ಬಿಸ್ಕೆಟ್ಟಿನ ಚಿತ್ರವನ್ನು ಎತ್ತಿಸಿ, ಮುಂದಿನವರ ಅಂಗೈಯಲ್ಲಿ ಇಡಿಸಬೇಕು. ಮುಂದಿನವರು ‘ಬಿಸ್ಕೆಟ್’ ಎಂದು ಬಾಯಿಬಿಟ್ಟು ಹೇಳಿ ಬಿಸ್ಕೆಟ್ಟು ಕೊಡಬೇಕು. ಹಿಂದೆ ಕೂತವರು ಮಾತಾಡಬಾರದು. ಮಗು ಅವರ ಮುಖ ನೋಡಬಾರದು. ದಿನದಿನಕ್ಕೆ ಅವರು ಹಿಡಿತ ಸಡಿಲಿಸುತ್ತ ಬರಬೇಕು. ಮೊದಲು ಮಣಿಕಟ್ಟು, ಆಮೇಲೆ ಮೊಣಕೈ, ಆಮೇಲೆ ಹೆಗಲಿಗೆ ಒಂದು ಬೆರಳು. ಕೊನೆಗೆ ಒಂದು ದಿನ ಆ ಬೆರಳನ್ನೂ ತೆಗೆದದ್ದು ಮಗುವಿಗೆ ಗೊತ್ತೇ ಆಗಬಾರದು.

ತಹಸೀನ್ ಎರಡು ವರ್ಷ ಅದನ್ನೇ ಮಾಡಿದಳು. ಸೊಪ್ಪು ಬಿಡಿಸುವ ನಡುವೆ, ಬಟ್ಟೆ ಹಿಂಡುವ ನಡುವೆ ದಿನಕ್ಕೆ ಮೂವತ್ತು ಸಲ, ನಲವತ್ತು ಸಲ. ಅವಳ ಗಂಡ ಜಾಹಿದನದು ಹಳೆ ಗೋಣಿಚೀಲದ ವ್ಯಾಪಾರ. ಹರಿದದ್ದನ್ನು ದಬ್ಬಳ ಹಿಡಿದು ಹೊಲಿದು ಈರುಳ್ಳಿ ಮಂಡಿಗಳಿಗೆ ಹಾಕುತ್ತಿದ್ದ. ಅವನು ಒಂದು ಒಳ್ಳೆಯ ಗೋಣಿಯನ್ನು ಚೌಕವಾಗಿ ಕತ್ತರಿಸಿ, ಅದರ ಮೇಲೆ ವೆಲ್ಕ್ರೋ ಪಟ್ಟಿಯನ್ನು ಐದು ಸಾಲಾಗಿ ಹೊಲಿದು, ನಡುಮನೆಯ ಗೋಡೆಗೆ ಮಗಳ ಎತ್ತರಕ್ಕೆ ಮೊಳೆ ಹೊಡೆದು ತೂಗುಹಾಕಿದ. ಮೊಬೈಲಿನಲ್ಲಿ ತೆಗೆದ ಫೋಟೋಗಳನ್ನು ಝೆರಾಕ್ಸ್ ಅಂಗಡಿಯಲ್ಲಿ ಪ್ರಿಂಟ್ ಹಾಕಿಸಿ, ಲ್ಯಾಮಿನೇಶನ್ ಮಾಡಿಸಿ, ಕತ್ತರಿಸಿ ಆ ಸಾಲುಗಳಿಗೆ ಅಂಟಿಸಿದರು. ಅಮ್ಮಿ, ಅಬ್ಬಾ, ನೀರು, ರೊಟ್ಟಿ, ಬಾಳೆಹಣ್ಣು, ಜೋಕಾಲಿ, ಬಚ್ಚಲು. ಚಿತ್ರ ಕೀಳುವಾಗ ಚರ್ ಎಂದು ಸದ್ದಾಗುತ್ತಿತ್ತು. ಮನೆಯಲ್ಲಿ ಎಲ್ಲೇ ಇದ್ದರೂ ತಹಸೀನಳ ಕಿವಿ ಆ ಸದ್ದಿಗೆ ನೆಟ್ಟಗಾಗುತ್ತಿತ್ತು. ಬೇರೆ ತಾಯಂದಿರಿಗೆ ಮಗಳ ಮಾತು ಹೇಗೋ ಅವಳಿಗೆ ಅದು ಹಾಗೆ.

ಬೆಳಿಗ್ಗೆ ಹಾಲು ತರುವ ದೊಡ್ಡಮಲ್ಲಮ್ಮನಿಗೂ ಹಬೀಬಾ ಹಾಲಿನ ಚಿತ್ರ ಕೊಡುವುದನ್ನು ಕಲಿತಳು. ದೊಡ್ಡಮಲ್ಲಮ್ಮ ಚಿತ್ರವನ್ನು ತಿರುಗಿಸಿ ಮುರುಗಿಸಿ ನೋಡಿ, “ಈ ಪಟದಲ್ಲಿರೋ ಆಲು ನನ್ನ ಆಲಿಗಿಂತ ಗಟ್ಟಿಯಾಗದಲ್ಲಮ್ಮಿ. ನೀರಾಕಿದ್ದಿಯಾ ಅಂತ ಈ ಮಗ ನಾಳೆ ನನ್ನೇ ಕೇಳ್ಬುಡ್ತದ,” ಎಂದು ನಕ್ಕು ಲೋಟಕ್ಕೆ ಒಂದು ಹನಿ ಹೆಚ್ಚಿಗೆ ಸುರಿಯುತ್ತಿದ್ದಳು.

ಈ ಕಟ್ಟಳೆಗೆ ಬಗ್ಗದವಳೆಂದರೆ ಜಾಹಿದನ ತಾಯಿ ರಹಮತ್ ಬಿ ಒಬ್ಬಳೇ. ಅವಳು ಹುಟ್ಟಿ ಬೆಳೆದದ್ದು ಕುದೇರಿನಲ್ಲಿ, ಸುತ್ತ ಲಿಂಗಾಯತರ ಮನೆಗಳ ನಡುವೆ. ಮನೆಯಲ್ಲಿ ಎಲ್ಲರೂ ಉರ್ದು ಆಡಿದರೂ ಅವಳ ಸಿಟ್ಟು, ಅಳು, ತಮಾಷೆಯೆಲ್ಲ ಬರುತ್ತಿದ್ದದ್ದು ಕುದೇರಿನ ಕನ್ನಡದಲ್ಲೇ. ಪಟಕ್ಕೆ ಮುಖ ಕೊಡಬಾರದು ಎಂದು ಅವಳ ತಾಯಿ ಹೇಳಿದ್ದಳಂತೆ. ಅದನ್ನವಳು ಅರವತ್ತೈದು ವರ್ಷ ಕಾಪಾಡಿಕೊಂಡು ಬಂದಿದ್ದಳು. ವೋಟರ್ ಕಾರ್ಡಿಗೆ ಬಲವಂತದಿಂದ ಕೂತಾಗಲೂ ಕಣ್ಣು ಮುಚ್ಚಿಕೊಂಡಿದ್ದವಳು. ಗಂಡ ಮಹಬೂಬ್ ಸಾಬರದೂ ಒಂದು ಫೋಟೋ ಮನೆಯಲ್ಲಿರಲಿಲ್ಲ. ಕೇಳಿದರೆ, “ಮುಖ ನೆಪ್ಪಿದ್ರೆ ಪಟ ಯಾಕೆ? ನೆಪ್ಪಿಲ್ದೆ ಇದ್ರೆ ಪಟ ಯಾಕೆ?” ಎನ್ನುತ್ತಿದ್ದಳು.

ಹಾಗಾಗಿ ದಾದಿಯ, ಎಂದರೆ ಅಜ್ಜಿಯ, ಚಿತ್ರವೆಂದು ತಹಸೀನ್ ಅಂಟಿಸಿದ್ದು ಅವಳ ಎಲೆಯಡಿಕೆ ಡಬ್ಬಿ ಮತ್ತು ಅಡಕತ್ತರಿಯ ಚಿತ್ರ. ಇಡೀ ದಿನ ಅವಳ ತೊಡೆಯ ಪಕ್ಕ ಇರುತ್ತಿದ್ದದ್ದು ಅವೇ ತಾನೆ. ಮೊದಲನೆಯ ಸಲ ಹಬೀಬಾ ಆ ಚಿತ್ರ ತಂದು ಕೊಟ್ಟಾಗ ರಹಮತ್ ಬಿ ಕಟ್ಟಳೆಯನ್ನು ಅಕ್ಷರಶಃ ಪಾಲಿಸಿದಳು. ಚಿತ್ರದಲ್ಲಿದ್ದದ್ದನ್ನೇ ಕೊಟ್ಟಳು. ಒಂದು ಹೋಳು ಅಡಿಕೆ. ಮಗು ಬಾಯಿಗೆ ಹಾಕಿಕೊಂಡು, ಒಗರಿಗೆ ಮುಖ ಕಿವುಚಿ ಉಗಿದು ಓಡಿತು. ಆಮೇಲೆ ಆ ಚಿತ್ರವನ್ನು ಮುಟ್ಟಲಿಲ್ಲ.

“ನೀನೇ ತಾನೇ ಅಂದೋಳು, ಪಟ ಕೊಟ್ರೆ ಕೊಡು ಅಂತ. ಕೊಟ್ಟೆ ಕಣಮ್ಮಿ. ಈಗ ನಂಗೇ ಕಣ್ ಬುಟ್ಟೀಯಲ್ಲ,” ಎಂದಿದ್ದಳು ಅತ್ತೆ. ಆಗ ಎಲ್ಲರೂ ನಕ್ಕಿದ್ದರು.

ನಗು ನಿಂತದ್ದು ಹೋದ ಬಕ್ರೀದಿನಲ್ಲಿ. ಹಬ್ಬಕ್ಕೆ ಐದು ತಿಂಗಳು ಮುಂಚೆಯೇ ಜಾಹಿದ್ ತೆರಕಣಾಂಬಿ ಸಂತೆಯಿಂದ ಕಂದು ಬಣ್ಣದ, ಒಂದು ಕಿವಿ ಮಾತ್ರ ಬೆಳ್ಳಗಿದ್ದ ಹೋತಮರಿ ತಂದು ಹಿತ್ತಲಿನ ನುಗ್ಗೆಮರದ ಕೆಳಗೆ ಗೂಟ ಹೊಡೆದು ಕಟ್ಟಿದ್ದ. ಹಬೀಬಾ ಅದರ ಜೊತೆಯಲ್ಲೇ ಕೂರುತ್ತಿದ್ದಳು. ಅದರ ಬಿಳಿ ಕಿವಿಯನ್ನು ಬೆರಳಲ್ಲಿ ಉಜ್ಜುತ್ತಿದ್ದಳು. ಇಷ್ಟಪಟ್ಟದ್ದನ್ನು ಚಿತ್ರವಾಗಿಸಿ ಎಂದು ಕಾವ್ಯಶ್ರೀ ಹೇಳಿದ್ದರಿಂದ ತಹಸೀನ್ ಅದರ ಫೋಟೋ ತೆಗೆದು ಗೋಣಿಪಟಕ್ಕೆ ಸೇರಿಸಿದಳು. ಹಬೀಬಾ ತಾನಾಗಿ, ಹಿಂದೆ ಯಾರೂ ಕೂರದೆ, ಮನೆಯ ಇನ್ನೊಂದು ತುದಿಯಿಂದ ನಡೆದು ಬಂದು ತಾಯಿಗೆ ಕೊಟ್ಟ ಮೊದಲ ಚಿತ್ರ ಅದು. ಆ ದಿನ ತಹಸೀನ್ ಪಾಯಸ ಮಾಡಿದ್ದಳು.

ಹಬ್ಬ ಆಯಿತು. ಚಿತ್ರ ಉಳಿಯಿತು.

ಮುಗಿದುಹೋದದ್ದಕ್ಕೆ ಒಂದು ಉಪಾಯ ಇತ್ತು. ಮನೆಯಲ್ಲಿಲ್ಲದ ಪದಾರ್ಥದ ಚಿತ್ರವನ್ನು ಒಂದು ಖಾಲಿ ಬಿಸ್ಕೆಟ್ ಡಬ್ಬಿಗೆ ಹಾಕಿ ಮುಚ್ಚಳ ಹಾಕುವುದು, ಮಗುವಿಗೆ ತೋರಿಸಿ ‘ಖತಮ್’ ಎನ್ನುವುದು. ಮಾವಿನಹಣ್ಣನ್ನು ಹಾಗೇ ಡಬ್ಬಿಗೆ ಹಾಕಿದ್ದರು. ತಹಸೀನ್ ಹೋತದ ಚಿತ್ರವನ್ನೂ ಡಬ್ಬಿಗೆ ಹಾಕಿದಳು. ಅದು ತಪ್ಪಾಯಿತು. ಮಾವಿನಹಣ್ಣು ಮತ್ತೆ ಬೇಸಿಗೆಗೆ ಡಬ್ಬಿಯಿಂದ ಹೊರಗೆ ಬಂದದ್ದನ್ನು ಮಗು ನೋಡಿತ್ತು. ಡಬ್ಬಿಗೆ ಹೋದದ್ದೆಲ್ಲ ತಿರುಗಿ ಬರುತ್ತದೆ ಎಂದೇ ಅದು ತಿಳಿದುಕೊಂಡಿತ್ತು. ದಿನ ಬೆಳಗಾದರೆ ಡಬ್ಬಿ ತೆಗೆಯುವುದು, ಚಿತ್ರ ಹಿಡಿದು ತಾಯಿಯ ಹತ್ತಿರ, ತಂದೆಯ ಹತ್ತಿರ, ದೊಡ್ಡಮಲ್ಲಮ್ಮನ ಹತ್ತಿರ, ಬಾಗಿಲಿಗೆ ಬಂದವರೆಲ್ಲರ ಹತ್ತಿರ ಹೋಗಿ ಕೈಗಿಡುವುದು, ಕಾಯುವುದು. ಯಾರೂ ಕೊಡುವಂತಿರಲಿಲ್ಲ. ಜಾಹಿದ್ ಇನ್ನೊಂದು ಮರಿ ತಂದ. ಹಬೀಬಾ ಅದರ ಎರಡು ಕಪ್ಪು ಕಿವಿಗಳನ್ನು ನೋಡಿ, ಚಿತ್ರ ನೋಡಿ, ಹೊಸ ಮರಿಯನ್ನು ಕಾಲಿನಿಂದ ಒದ್ದಳು. ಮತ್ತೆ ಹಣೆ ಚಚ್ಚಿಕೊಳ್ಳುವುದು ಶುರುವಾಯಿತು. ರೊಟ್ಟಿಯ ಚಿತ್ರ, ನೀರಿನ ಚಿತ್ರ ಎಲ್ಲ ಬಿಟ್ಟಳು. ಕೊಟ್ಟರೂ ಸಿಗುವುದಿಲ್ಲ ಎಂದ ಮೇಲೆ ಯಾಕೆ ಕೊಡಬೇಕು? ಎರಡು ತಿಂಗಳಲ್ಲಿ ಎರಡು ವರ್ಷ ಕಲಿತದ್ದು ಕರಗುತ್ತ ಬಂತು.

ಅದನ್ನು ನಿಲ್ಲಿಸಿದವಳು ರಹಮತ್ ಬಿ. ಒಂದು ಮಧ್ಯಾಹ್ನ ಅವಳು ಮೊಮ್ಮಗಳ ಕೈ ಹಿಡಿದು ಹಿತ್ತಲಿಗೆ ಕರೆದುಕೊಂಡು ಹೋದಳು. ನುಗ್ಗೆಮರದ ಕೆಳಗೆ ಹಳೆಯ ಗೂಟ ಇನ್ನೂ ಇತ್ತು. ಅದನ್ನು ಅತ್ತಿತ್ತ ಅಲ್ಲಾಡಿಸಿ ಕಿತ್ತಳು. ಮಗುವಿನ ಕೈಯಿಂದ ಚಿತ್ರ ತೆಗೆದುಕೊಂಡು ಆ ಕುಳಿಯೊಳಕ್ಕೆ ಇಳಿಸಿದಳು. ಮಣ್ಣು ಮುಚ್ಚಿದಳು. ಮಗುವಿನ ಅಂಗೈ ಹಿಡಿದು ಮಣ್ಣಿನ ಮೇಲೆ ಮೂರು ಸಲ ತಟ್ಟಿಸಿದಳು. “ಓಯ್ತು ಕಣಮ್ಮಿ. ಇನ್ ಬರಕಿಲ್ಲ,” ಎಂದಳು. ಅಷ್ಟೆ. ಹಬೀಬಾ ಒಂದೆರಡು ಸಂಜೆ ಅಲ್ಲಿ ಹೋಗಿ ಕೂತಳು, ಅತ್ತಳು. ಮೂರನೆಯ ದಿನ ಗೋಣಿಪಟದಿಂದ ಚರ್ ಎಂದು ಸದ್ದು ಬಂತು. ಬಾಳೆಹಣ್ಣು ಕೇಳಿದಳು.

“ಮಕ್ಕಳಿಗೆ ಸುಳ್ಳ ಡಬ್ಬಿಗಾಕಿ ಇಡಬಾರದು,” ಎಂದಿದ್ದಳು ರಹಮತ್ ಬಿ, ಕೈ ತೊಳೆಯುತ್ತ.

ಅದಾಗಿ ತಿಂಗಳಿಗೆ, ತಹಸೀನಳ ಎದೆಯಲ್ಲಿ ಕಾಣಿಸಿಕೊಂಡಿದ್ದ ಗಂಟು ಏನೆಂಬುದು ಗೊತ್ತಾಯಿತು. ಮೈಸೂರಿಗೆ ಓಡಾಡಿದ್ದಾಯಿತು. ಕೂದಲು ಹೋಯಿತು, ಹುಬ್ಬು ಹೋಯಿತು, ಮಾತ್ರೆಗಳಿಂದ ಮುಖ ಹಿಟ್ಟಿನ ಮುದ್ದೆಯ ಹಾಗೆ ಊದಿತು. ಮಾಘ ಕಳೆಯುವ ಹೊತ್ತಿಗೆ ಡಾಕ್ಟರು ಜಾಹಿದನನ್ನು ಹೊರಗೆ ಕರೆದು, ಇನ್ನು ಮನೆಯಲ್ಲೇ ನೋಡಿಕೊಳ್ಳಿ ಎಂದರು. ಅವನು ವಾರ್ಡಿನೊಳಕ್ಕೆ ಬಂದು, “ಚೇತರಿಸ್ಕೋತೀಯಂತೆ, ಊರಿಗೆ ಹೋಗೋಣ,” ಎಂದ. ತಹಸೀನ್ ಅವನ ಮುಖ ನೋಡಿ, ಆಯಿತು ಎಂದಳು. ಅವನಿಗೆ ಸುಳ್ಳು ಹೇಳಲು ಬರುವುದಿಲ್ಲ ಎಂಬುದು ಮದುವೆಯಾದ ವಾರಕ್ಕೇ ಗೊತ್ತಿತ್ತು.

ಗೋಡೆಗೊರಗಿ ಕೂತು ಅವಳು ಯೋಚಿಸುತ್ತಿದ್ದದ್ದು ಒಂದನ್ನೇ. ಗೋಣಿಪಟದ ಮೊದಲ ಸಾಲಿನ ಮೊದಲ ಚಿತ್ರ ‘ಅಮ್ಮಿ’. ತಾನು ಹೋದ ಮಾರನೆಯ ದಿನ ಹಬೀಬಾ ಅದನ್ನು ಕಿತ್ತು ಎಲ್ಲರ ಕೈಗೂ ಇಡುತ್ತ ಹೋಗುತ್ತಾಳೆ. ಹೋತಕ್ಕೆ ಎರಡು ತಿಂಗಳು. ತನಗೆ ಎಷ್ಟು? ಅಷ್ಟರಲ್ಲಿ ಉಳಿದ ಮೂವತ್ತೊಂದು ಚಿತ್ರಗಳೂ ಸತ್ತುಹೋಗುತ್ತವೆ. ಆಮೇಲೆ ಮಗುವಿಗೆ ಬಾಯಾರಿಕೆಯಾದರೆ ಗೋಡೆಯೇ ಗತಿ.

ಒಂದು ಬೆಳಿಗ್ಗೆ ಚರ್ ಎಂದಿತು. ಹಬೀಬಾ ‘ಅಮ್ಮಿ’ ಕಿತ್ತುಕೊಂಡು ದಾದಿಯ ಹತ್ತಿರ ಹೋದಳು. ಅಡಿಕೆ ಕತ್ತರಿಸುತ್ತಿದ್ದ ರಹಮತ್ ಬಿ ಕೈ ತೋರಿಸಿ, “ಅಲ್ಲೇ ಅವಳಲ್ಲ, ನಿಮ್ಮಮ್ಮಿ,” ಎಂದಳು. ಮಗು ತಿರುಗಿ ತಹಸೀನಳ ಚಾಪೆಯ ಹತ್ತಿರ ಬಂತು. ಅವಳ ಅಂಗೈ ಬಿಡಿಸಿತು. ಚಿತ್ರವನ್ನು ಅಲ್ಲಿಟ್ಟಿತು. ಕಾಯುತ್ತ ನಿಂತಿತು.

ತಹಸೀನಳಿಗೆ ಅರ್ಥವಾಗಲು ಎರಡು ಗಳಿಗೆ ಬೇಕಾಯಿತು. ಮಗು ಅವಳನ್ನು ಕರೆಯುತ್ತಿರಲಿಲ್ಲ. ಅಮ್ಮಿಯನ್ನು ಕೊಡು ಎಂದು ಅವಳನ್ನು ಕೇಳುತ್ತಿತ್ತು.

“ನಾನೇ ಬೇಟಾ. ಅಮ್ಮಿ,” ಎಂದು ತಲೆಯ ಬಟ್ಟೆ ಸರಿಸಿ ಮುಖ ತೋರಿಸಿದಳು. ಆ ಧ್ವನಿಗೆ ಮಗು ಒಮ್ಮೆ ಕಣ್ಣೆತ್ತಿತು. ಬೋಳು ತಲೆ ಕಂಡಿತು. ಬಿಸ್ಕೆಟ್ಟನ್ನು ಬೆನ್ನ ಹಿಂದೆ ಬಚ್ಚಿಟ್ಟವರ ಬೆನ್ನ ಹಿಂದೆ ಹುಡುಕುವ ಹಾಗೆ ಅವಳನ್ನು ಸುತ್ತಿ ಹೋಗಿ, ಗೋಡೆಗೂ ಅವಳಿಗೂ ನಡುವಿನ ಸಂದಿಯಲ್ಲಿ ಬಗ್ಗಿ ನೋಡಿತು.

ರಹಮತ್ ಬಿಯ ಅಡಕತ್ತರಿ ನಿಂತಿತ್ತು.

ಚಿತ್ರದಲ್ಲಿದ್ದದ್ದು ಚಾಮರಾಜನಗರದಲ್ಲಿ ತಹಸೀನಳ ತಮ್ಮ ಸೊಹೈಲನ ಮದುವೆಯ ದಿನ ತೆಗೆದ ಫೋಟೋ. ಉದ್ದ ಜಡೆ, ಮಲ್ಲಿಗೆ, ಜುಮುಕಿ. ಚೆಂದ ಕಾಣಲಿ ಎಂದು ಅದನ್ನೇ ಆರಿಸಿದ್ದಳು.

ಮಧ್ಯಾಹ್ನ ಕಾವ್ಯಶ್ರೀಗೆ ಫೋನ್ ಮಾಡಿದಳು. ಕಾವ್ಯಶ್ರೀ ಎಲ್ಲ ಕೇಳಿ, “ಈಗಿನ ಮುಖದ್ದು ಒಂದು ಹೊಸ ಫೋಟೋ ತೆಗೆದು ಹಾಕಿ, ತಹಸೀನ್. ಒಂದು ವಾರ ಹಿಂದೆ ಯಾರಾದ್ರೂ ಕೂತು ಕೈ ಹಿಡಿಸಿದ್ರೆ ಗುರುತು ಹಿಡೀತಾಳೆ,” ಎಂದಳು.

“ಹಿಡೀತಾಳೆ ಮೇಡಂ. ಹಿಡಿದು ಎಷ್ಟು ದಿನಕ್ಕೆ?”

ಹೊರಗೆ ಕೇರಳದ ಕಡೆಗೆ ಈರುಳ್ಳಿ ಲಾರಿಯೊಂದು ಹಾರನ್ ಹೊಡೆಯುತ್ತ ಹೋಯಿತು. ಆಮೇಲೆ ಕಾವ್ಯಶ್ರೀ ಮೆಲ್ಲಗೆ, “ನನಗೆ ಇದನ್ನ ಯಾರೂ ಕಲಿಸಿಲ್ಲ,” ಎಂದಳು.

ಆ ಸಂಜೆ ತಹಸೀನ್ ಅತ್ತೆಯನ್ನು ಚಾಪೆಯ ಹತ್ತಿರ ಕರೆದಳು.

“ಮಾ, ಹೋತಕ್ಕೆ ಮಾಡಿದ್ರಲ್ಲ, ಹಾಗೆ ಮಾಡಿ. ನನ್ನ ಚಿತ್ರ ಮಣ್ಣಿಗೆ ಹಾಕಿ.”

ರಹಮತ್ ಬಿ ಅವಳ ಮುಖವನ್ನೇ ನೋಡಿದಳು. “ಉಸ್ರಿರೋರ ಪಟವ ಮಣ್ಣಿಗಾಕದಾ? ಬುದ್ಧಿ ಅದಾ ನಿಂಗೆ? ಬಾಯ್ ಮುಚ್ಕಂಡು ಮಲಿಕೊ.”

“ಅವಳು ಹುಡುಕೋದು ಆಗಲೇ ಶುರುವಾಗಿದೆ. ನೋಡಿದ್ರಲ್ಲ ಬೆಳಿಗ್ಗೆ. ಆ ಜಡೆ ಹಾಕ್ಕೊಂಡೋಳು ಈ ಮನೇಲಿ ಇಲ್ಲ, ಮಾ. ಅವಳಿಗದು ಗೊತ್ತಾಗಿದೆ. ಅಳೋದಿದ್ರೆ ಈಗಲೇ ಅತ್ತು ಮುಗಿಸಲಿ. ನಾನಿದೀನಿ, ಎತ್ಕೊಳ್ಳೋಕೆ ಆಗ್ದೆ ಇದ್ರೂ ಪಕ್ಕದಲ್ಲಿ ಇದೀನಿ.”

“ನೀನು ಓದ್ಮೇಲೆ ನಾ ಮಾಡ್ತೀನಿ ಬುಡು.”

“ಮಾಡಲ್ಲ ನೀವು. ಆಗ ನೀವೂ ಅಳ್ತಾ ಕೂತಿರ್ತೀರಿ. ಮನೆ ತುಂಬ ಜನ ಇರ್ತಾರೆ. ಅವಳು ಒಬ್ಬೊಬ್ಬರ ಕೈಗೂ ನನ್ನ ಚಿತ್ರ ಇಟ್ಟುಕೊಂಡು ಹೋಗ್ತಾಳೆ. ಅವರೆಲ್ಲ ಅದನ್ನ ನೋಡಿ ಅಳ್ತಾರೆ. ಒಬ್ಬರೂ ಏನೂ ಕೊಡಲ್ಲ.”

ರಹಮತ್ ಬಿ ಎದ್ದು ಒಳಗೆ ಹೋದಳು. ಪಾತ್ರೆಗಳನ್ನು ಬೇಕಾದ್ದಕ್ಕಿಂತ ಜೋರಾಗಿ ತಿಕ್ಕಿದಳು. ಎರಡು ದಿನ ಸೊಸೆಯ ಮುಖ ನೋಡದೆಯೇ ಗಂಜಿ ಕುಡಿಸಿದಳು. ಎರಡು ದಿನವೂ ಹಬೀಬಾ ‘ಅಮ್ಮಿ’ಯನ್ನು ಹಿಡಿದು ಮನೆಯಿಡೀ ತಿರುಗಿದಳು. ಅಲಮಾರಿಯ ಹಿಂದೆ, ಬಚ್ಚಲಿನ ಬಾಗಿಲ ಹಿಂದೆ, ಜಾಹಿದ್ ಮಡಚಿಟ್ಟ ಗೋಣಿಗಳ ರಾಶಿಯ ಹಿಂದೆ. ಮೂರನೆಯ ದಿನ ನೀರಿನ ಚಿತ್ರ ಕೀಳದೆ ಹಣೆಯನ್ನು ಕಂಬಕ್ಕೆ ಹೊಡೆದುಕೊಂಡಳು. ಹುಬ್ಬಿನ ಮೇಲೆ ಬೋರೆಹಣ್ಣಿನಷ್ಟು ಊತ ಬಂತು.

ಅದಕ್ಕೆ ಅರಿಶಿನ ಹಚ್ಚಿ ಬಂದು ರಹಮತ್ ಬಿ ಸೊಸೆಯ ಮುಂದೆ ಕೂತಳು.

“ಮೊದ್ಲು ನನ್ನ ಪಟ ತಗಿ.”

“ಮಾ?”

“ಅಡಿಕೆ ಡಬ್ಬಿದಲ್ಲ. ನಂದು. ಅದ ಗೋಡೆಗಂಟ್ಸು. ಇವಳು ನನ್ನ ಪಟ ತಕಂಡು, ಯಾರೂ ಯೋಳ್ದೆ ನನ್ನತ್ರ ಬರ್ಲಿ. ಬಂದ್ ದಿವಸ ನೀ ಯೋಳಿದ್ದ ಮಾಡ್ತೀನಿ. ಅಲ್ಲೀಗಂಟ ನಿನ್ನ ಮಣ್ಣಿಗಾಕು ಅಂತ ನನ್ನ ಕೇಳಬ್ಯಾಡ.”

ಹಿತ್ತಲಿನ ಬಾಗಿಲಲ್ಲಿ ಬೆಳಕು ಚೆನ್ನಾಗಿತ್ತು. ರಹಮತ್ ಬಿ ಸೆರಗನ್ನು ತಲೆಯ ಮೇಲೆ ಎಳೆದುಕೊಂಡು ಸ್ಟೂಲಿನ ಮೇಲೆ ಕೂತಳು. ಮೊಬೈಲು ಹಿಡಿದ ತಹಸೀನ್ ಮೊಣಕಾಲಿಗೆ ಮೊಣಕೈ ಊರಿಕೊಂಡಳು.

“ಕಣ್ ಬುಟ್ಕಂಡೇ ಇರ್ಬೇಕಾ?”

“ಬಿಟ್ಟುಕೊಂಡೇ ಇರಬೇಕು.”

“ನಗ್ಬೇಕಾ?”

“ಬೇಡ ಮಾ. ಚೆಂದ ಕಾಣಿಸಬೇಡಿ. ದಿನಾ ಹೇಗಿರ್ತೀರೋ ಹಾಗೇ ಇರಿ. ಆ ತಪ್ಪು ನಾನು ಒಂದು ಸಲ ಮಾಡಿದೀನಿ.”

“ಅಂಗಾರೆ ಬಯ್ತಾ ಇರ್ಬೇಕು.”

ಇಬ್ಬರೂ ನಕ್ಕರು. ನಗುತ್ತ ತಹಸೀನಳಿಗೆ ಕೆಮ್ಮು ಬಂದು, ಅದು ನಿಲ್ಲಲು ಬಹಳ ಹೊತ್ತಾಯಿತು. ಫೋಟೋ ತೆಗೆದದ್ದು ಆಮೇಲೆ. ಅದರಲ್ಲಿ ರಹಮತ್ ಬಿ ನಗುತ್ತಲೂ ಇಲ್ಲ, ಬಯ್ಯುತ್ತಲೂ ಇಲ್ಲ. ಕ್ಯಾಮರಾದ ಹಿಂದಿರುವವಳನ್ನು ನೋಡುತ್ತಿದ್ದಾಳೆ.

ಪಾಠ ಶುರುವಾಯಿತು. ಮುಂದೆ ರಹಮತ್ ಬಿ, ನಡುವೆ ಹಬೀಬಾ, ಹಿಂದೆ ತಹಸೀನ್. ಎದುರಿಗೆ ಕೂತು ‘ದಾದಿ’ ಎಂದು ಹೇಳಿ ಮಗುವನ್ನು ಎತ್ತಿಕೊಳ್ಳುವುದು ಅತ್ತೆಯ ಕೆಲಸ. ಹಬೀಬಾಗೆ ಎತ್ತಿ ಒಂದು ಸುತ್ತು ತಿರುಗಿಸಿದರೆ ಖುಷಿ. ಮೊದಲು ಅದನ್ನು ಮಾಡುತ್ತಿದ್ದವಳು ತಹಸೀನ್. ಈಗ ಅರವತ್ತೈದರ ರಹಮತ್ ಬಿ ಸೊಂಟ ನೋಯುತ್ತಿದ್ದರೂ ತಿರುಗಿಸಿದಳು. ತಹಸೀನ್ ಹಿಂದಿನಿಂದ ಮಗಳ ಮಣಿಕಟ್ಟು ಹಿಡಿದು ಚಿತ್ರ ಕೀಳಿಸಿದಳು, ಕೊಡಿಸಿದಳು. ಮಾತಾಡಲಿಲ್ಲ. ಹಿಂದೆ ಕೂತವರು ಮಾತಾಡಬಾರದು. ಮಗಳ ನೆತ್ತಿಯ ಎಣ್ಣೆಯ ವಾಸನೆ ಮೂಗಿಗೆ ಬರುತ್ತಿತ್ತು. ಉಳಿದ ಹೊತ್ತು ಮಗು ಅವಳ ಹತ್ತಿರ ಬರುತ್ತಲೇ ಇರಲಿಲ್ಲವಾದ್ದರಿಂದ ಅವಳಿಗೆ ಸಿಗುತ್ತಿದ್ದದ್ದು ಆ ಮಣಿಕಟ್ಟು, ಆ ವಾಸನೆ ಇಷ್ಟೇ. ಅದಕ್ಕಾಗಿ ಪಾಠವನ್ನು ನಿಧಾನ ಮಾಡಲೇ ಎಂದು ಒಂದು ದಿನ ಅನ್ನಿಸಿತು. ಮಾರನೆಯ ದಿನ ಮಣಿಕಟ್ಟು ಬಿಟ್ಟು ಮೊಣಕೈ ಹಿಡಿದಳು.

ಜಾಹಿದ್ ಬಾಗಿಲಲ್ಲಿ ನಿಂತು ನೋಡುತ್ತಿದ್ದ. “ಹೊಸ ಫೋಟೋ ಹಾಕಿದ್ರೆ ಆಗ್ತಿತ್ತು. ನೀನು ಹುಷಾರಾಗ್ತೀಯ, ಆಮೇಲೆ ಇದೆಲ್ಲ ಯಾಕೆ,” ಎಂದ. ಅವನು ದಬ್ಬಳ ತೆಗೆದುಕೊಂಡು ಹೊರಗೆ ಹೋಗಿ, ಹರಿಯದೆ ಇದ್ದ ಚೀಲವೊಂದನ್ನು ಹೊಲಿಯುತ್ತ ಕೂತ.

ಎಂಟನೆಯ ದಿನ ತಹಸೀನ್ ಒಂದು ಬೆರಳನ್ನಷ್ಟೇ ಮಗಳ ಹೆಗಲಿಗೆ ತಾಗಿಸಿದ್ದಳು. ಹನ್ನೊಂದನೆಯ ದಿನ ಅದನ್ನೂ ತೆಗೆದಳು. ಹಬೀಬಾ ತಿರುಗಿ ನೋಡಲಿಲ್ಲ.

ಮಾರನೆಯ ಬೆಳಿಗ್ಗೆ ದೊಡ್ಡಮಲ್ಲಮ್ಮ ಹಾಲು ಹಾಕಿ ಹೋದ ಮೇಲೆ ಚರ್ ಎಂದಿತು. ತಹಸೀನ್ ಕಣ್ಣು ತೆರೆದಳು. ಹಬೀಬಾಳ ಕೈಯಲ್ಲಿ ದಾದಿಯ ಚಿತ್ರ ಇತ್ತು. ಅವಳು ನಡುಮನೆ ದಾಟಿ ಅಡುಗೆಮನೆಗೆ ಹೋದಳು. “ದಾದಿ,” ಎಂಬ ರಹಮತ್ ಬಿಯ ದನಿ ಕೇಳಿಸಿತು, ಸೊಂಟ ನೋವಿಗೆ ಒಂದು ನರಳು ಕೇಳಿಸಿತು. ಆಮೇಲೆ ಮಗುವಿನ ನಗು.

ಸ್ವಲ್ಪ ಹೊತ್ತಿಗೆ ರಹಮತ್ ಬಿ ಕೈ ಒರೆಸಿಕೊಳ್ಳುತ್ತ ಬಂದು ಬಾಗಿಲಲ್ಲಿ ನಿಂತಳು.

“ಇನ್ನೊಂದ್ ವಾರ ನೋಡನ,” ಎಂದಳು ರಹಮತ್ ಬಿ.

“ಮಾತು ಕೊಟ್ಟಿದ್ರಿ, ಮಾ.”

ರಹಮತ್ ಬಿ ಗೋಣಿಪಟದ ಮುಂದೆ ನಿಂತು ‘ಅಮ್ಮಿ’ಯನ್ನು ಕೀಳಲು ಹೋಗಿ, ಕೈ ಹಿಂತೆಗೆದಳು. “ನೀನೇ ಕೀಳು. ಅದ ನಾ ಕೀಳಕಿಲ್ಲ.” ತಹಸೀನ್ ಗೋಡೆ ಹಿಡಿದು ಎದ್ದು ಕಿತ್ತಳು. ಜಡೆಯವಳ ಮುಖವನ್ನು ಸೆರಗಿನಿಂದ ಒಮ್ಮೆ ಒರೆಸಿ ಅತ್ತೆಯ ಕೈಗಿಟ್ಟಳು.

ಹಿತ್ತಲಿನ ಬಾಗಿಲಿಗೆ ಚಾಪೆ ಎಳೆದು ಅವಳನ್ನು ಕೂರಿಸಿದರು. ನುಗ್ಗೆಮರ ಹೂಬಿಟ್ಟಿತ್ತು. ರಹಮತ್ ಬಿ ತಲೆಯ ಮೇಲೆ ಸೆರಗು ಹಾಕಿಕೊಂಡು, ಸಣ್ಣ ಗುದ್ದಲಿಯಿಂದ ಗೇಣುದ್ದ ಅಗೆದಳು. ಹಬೀಬಾ ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕೂತು ನೋಡಿದಳು. ಚಿತ್ರ ಕುಳಿಗಿಳಿದಾಗ ಕೈಹಾಕಿ ಎತ್ತಿಕೊಂಡಳು. ರಹಮತ್ ಬಿ ಬಿಡಿಸಿಕೊಳ್ಳಲಿಲ್ಲ, ಕಾದಳು. ಮಗು ಚಿತ್ರವನ್ನು ಹಿಡಿದು ಬಾಗಿಲಿಗೆ ಬಂದು ತಹಸೀನಳ ಅಂಗೈಗೆ ಇಟ್ಟಿತು. ಮತ್ತೊಮ್ಮೆ ಕೇಳಿತು.

ಕೊಡಲೇಬೇಕು ಎಂಬುದು ಕಟ್ಟಳೆ. ತಹಸೀನ್ ಚಿತ್ರವನ್ನು ತಿರುಗಿಸಿ ಮಗುವಿನ ಕೈಗೇ ಕೊಟ್ಟು, ಕುಳಿಯ ಕಡೆಗೆ ಬೆರಳು ತೋರಿಸಿದಳು. ಆ ಮನೆಯಲ್ಲಿ ಅವಳು ಬೇಕೆಂದೇ ಕಟ್ಟಳೆ ಮುರಿದದ್ದು ಅದೊಂದೇ ಸಲ.

ಹಬೀಬಾ ಹೋದಳು. ಕುಳಿಗೆ ತಾನೇ ಹಾಕಿದಳು. ರಹಮತ್ ಬಿ ಮಣ್ಣೆಳೆದಳು. ಎರಡು ಕೈಗಳು, ಒಂದು ಸುಕ್ಕಿನದು, ಒಂದು ಎಳೆಯದು, ಮಣ್ಣಿನ ಮೇಲೆ ಮೂರು ಸಲ ತಟ್ಟಿದವು.

“ಓಯ್ತು ಕಣಮ್ಮಿ,” ಎಂದಳು ರಹಮತ್ ಬಿ. ‘ಇನ್ ಬರಕಿಲ್ಲ’ ಎಂಬುದನ್ನು ಹೇಳಲಾಗಲಿಲ್ಲ. ಮುಖವನ್ನು ಮರದ ಕಡೆಗೆ ತಿರುಗಿಸಿಕೊಂಡಳು.

ನಾಲ್ಕು ಸಂಜೆ ಹಬೀಬಾ ಆ ಮರದ ಕೆಳಗೆ ಕೂತು ಅತ್ತಳು. ಬಾಯಿ ಇಲ್ಲದ ಮಗುವಿನ ಅಳುವಿಗೆ ಬಹಳ ಉದ್ದ ಇರುತ್ತದೆ. ತಹಸೀನ್ ಬಾಗಿಲಲ್ಲಿ ಕೂತು ಪೂರ್ತಿ ಕೇಳಿದಳು. ಒಳಗೆ ಹೋಗೋಣ ಎಂದು ಜಾಹಿದ್ ಎತ್ತಲು ಬಂದರೆ ಬೇಡ ಎಂದಳು. ಗೋಡೆಯ ಮೇಲೆ ಮೊದಲ ಸಾಲಿನ ಮೊದಲ ಜಾಗ ಖಾಲಿಯಾಗಿತ್ತು. ಅಲ್ಲಿಯ ಒರಟು ಪಟ್ಟಿಯನ್ನು ಮಗು ಹಗಲೆಲ್ಲ ಹೆಬ್ಬೆರಳಿನಲ್ಲಿ ಉಜ್ಜುತ್ತಿತ್ತು, ಬಿಳಿ ಕಿವಿಯನ್ನು ಉಜ್ಜುತ್ತಿದ್ದ ಹಾಗೆ.

ಐದನೆಯ ದಿನ ಮಧ್ಯಾಹ್ನ ಬಿಸಿಲು ಸುಡುತ್ತಿತ್ತು. ತಹಸೀನಳ ಚಾಪೆಯ ಪಕ್ಕದಲ್ಲಿ ಒಂದು ಲೋಟ ನೀರಿತ್ತು. ಹಬೀಬಾ ಗೋಣಿಪಟದ ಮುಂದೆ ಬಂದು ನಿಂತಳು. ಚರ್ ಎಂದಿತು. ಮತ್ತೆ ಚರ್ ಎಂದಿತು. ಒಂದು ಕೈಯಲ್ಲಿ ದಾದಿ, ಇನ್ನೊಂದು ಕೈಯಲ್ಲಿ ನೀರು. ಎರಡು ಚಿತ್ರಗಳನ್ನು ಒಟ್ಟಿಗೆ ಅವಳು ಹಿಂದೆಂದೂ ಕಿತ್ತಿರಲಿಲ್ಲ. ಕಾವ್ಯಶ್ರೀ ಎರಡು ವರ್ಷದಿಂದ ಕಾಯುತ್ತಿದ್ದ ಮಾತು ಅದು. ಯಾರನ್ನು ಕೇಳಬೇಕು, ಏನನ್ನು ಕೇಳಬೇಕು.

ತಹಸೀನಳ ಕೈ ತಾನಾಗಿ ಮೇಲೆದ್ದಿತ್ತು, ಮಣಿಕಟ್ಟು ಹಿಡಿಯಲು. ಹಬೀಬಾಳ ಲಂಗದ ಅಂಚು ಆ ಬೆರಳುಗಳನ್ನು ಸವರಿಕೊಂಡು ಮುಂದೆ ಹೋಯಿತು. ಅಡುಗೆಮನೆಯಲ್ಲಿ ರಹಮತ್ ಬಿ, “ದಾದಿ. ಪಾನಿ,” ಎಂದಳು. ಬಿಂದಿಗೆಯಲ್ಲಿ ಚೊಂಬು ಮುಳುಗಿದ ಸದ್ದು ಕೇಳಿಸಿತು.

ತಹಸೀನ್ ಎತ್ತಿದ್ದ ಕೈಯನ್ನು ಮೆಲ್ಲಗೆ, ಯಾರಿಗೂ ಗೊತ್ತಾಗದ ಹಾಗೆ, ಮಡಿಲಿಗೆ ಇಳಿಸಿಕೊಂಡಳು.